ಬೇವಿನ ಮರದ ಕೆಳಗಿನ ಕಲ್ಲಿನ ಸ್ಥಾನಮಾನದ ಕುರಿತು

ಚಳ್ಳಕೆರೆಯ ಜನರು ಎಲ್ಲಿ ಕೂರುತ್ತಾರೆ, ಅಲ್ಲೇ ಏಕೆ ಕೂರುತ್ತಾರೆ, ಎದ್ದುಹೋದ ಮೇಲೆ ಆ ಜಾಗದ ಗತಿ ಏನಾಗುತ್ತದೆ ಎಂಬ ಬಗ್ಗೆ ಯಾವುದೇ ಅಧಿಕೃತ ಮಾಹಿತಿ ಇಲ್ಲದಿರುವುದು ನಾಡಿನ ಪ್ರಗತಿಗೆ ಬಹುಕಾಲದಿಂದ ಅಡ್ಡಿಯಾಗಿತ್ತು. ಈ ಅಡ್ಡಿಯನ್ನು ನಿವಾರಿಸಲೆಂದೇ ಶೇಂಗಾ ಎಣ್ಣೆ ಮಿಲ್ಲೊಂದರ ಮೇಲಿನ ಕೋಣೆಯಲ್ಲಿ ಸರ್ಕಾರದ ಮಾನವ ಭೂಗೋಳ ಅಧ್ಯಯನ ಘಟಕ ಆರಂಭವಾಯಿತು. ನಾನು ಅದರ ಗುಮಾಸ್ತ. ಮನುಷ್ಯ, ಅವನ ನಡವಳಿಕೆ, ಅವನು ಬಳಸುವ ಜಾಗ, ಇವುಗಳ ಸಂಬಂಧವನ್ನು ಪತ್ತೆಹಚ್ಚುವುದೇ ನಮ್ಮ ಧ್ಯೇಯ ಎಂದು ನಿರ್ದೇಶಕರಾದ ಡಾ. ಓಂಕಾರಮೂರ್ತಿಯವರು ಉದ್ಘಾಟನೆಯ ದಿನ ಭಾಷಣ ಮಾಡಿದರು. ಆಮೇಲೆ ಕುರ್ಚಿಯ ಮೇಲೆ ತಮ್ಮ ಟವೆಲ್ ಹಾಸಿ, ಕ್ಷೇತ್ರಕಾರ್ಯಕ್ಕೆಂದು ಸಂಸಾರ ಸಮೇತ ಜಟಿಂಗ ರಾಮೇಶ್ವರದ ಬೆಟ್ಟಕ್ಕೆ ಹೋದರು. ಅಲ್ಲಿ ಗಾಳಿ ಬಹಳ ಚೆನ್ನಾಗಿದೆಯೆಂದು ಫೋನಿನಲ್ಲಿ ತಿಳಿಸಿದರು.

ಅಧ್ಯಯನಕ್ಕೆ ಮೊದಲು ಆರಿಸಿದ್ದು ಸಂತೆ ಮೈದಾನ. ನಮ್ಮ ಸಂತೆಯಲ್ಲಿ ಒಂದು ಪದ್ಧತಿ ಇದೆ. ಮಾರುವವರು ಹಿಂದಿನ ದಿನ ಸಂಜೆಯೇ ತಂತಮ್ಮ ಜಾಗದಲ್ಲಿ ಒಂದು ಕಲ್ಲಿಟ್ಟು ಮನೆಗೆ ಹೋಗುತ್ತಾರೆ. ಕಲ್ಲು ಇದ್ದರೆ ಆ ಜಾಗ ಹಿಡಿದಾಯಿತು ಎಂದರ್ಥ. ಎಂಥ ಜಗಳಗಂಟನೂ ಅಲ್ಲಿ ಕೂರುವುದಿಲ್ಲ. ಇದು ಊರಿಗೆಲ್ಲ ಗೊತ್ತು. ಆದರೆ ನಮ್ಮ ಸರ್ವೇಯರ್ ಗೋವರ್ಧನ ಈ ಊರಿನವನಲ್ಲ, ಮೇಲಾಗಿ ಬಿಸಿಲು ಕಂಡರೆ ಆಗದವನು. ಆದ್ದರಿಂದ ಅವನು ಸೂರ್ಯ ಹುಟ್ಟುವ ಮೊದಲೇ ಹೋಗಿ ಸರ್ವೆ ಮುಗಿಸಿಬಂದ. ಆ ಹೊತ್ತಿಗೆ ಅಲ್ಲಿದ್ದದ್ದು ಕಲ್ಲುಗಳು ಮಾತ್ರ.

'ಸಂತೆ ಮೈದಾನದ ಖಾಯಂ ನಿವಾಸಿಗಳು ಕಲ್ಲುಗಳು. ಇವು ಶಿಸ್ತಿನಿಂದ ಸಾಲಾಗಿ ಕೂರುತ್ತವೆ, ಗಲಾಟೆ ಮಾಡುವುದಿಲ್ಲ, ಕಸ ಎಸೆಯುವುದಿಲ್ಲ. ಹಗಲಿನಲ್ಲಿ ಕೆಲವು ಮನುಷ್ಯರು ಬಂದು ಇವುಗಳಿಗೆ ತೊಂದರೆ ಕೊಡುತ್ತಾರೆಂದು ತಿಳಿದುಬಂದಿದೆ' ಎಂದು ಗೋವರ್ಧನ ವರದಿ ಬರೆದ. ನಿರ್ದೇಶಕರು ಬೆಟ್ಟದ ಮೇಲಿಂದಲೇ ಅದನ್ನು ಓದಿ ಭಲೇ ಅಂದರು. ಮರುದಿನವೇ ಮೈಕಿನಲ್ಲಿ ಪ್ರಕಟಣೆ ಹೊರಟಿತು.

"ಸಾರ್ವಜನಿಕರ ಗಮನಕ್ಕೆ! ಜಾಗವು ಅದರ ಮೇಲಿರುವ ವಸ್ತುವಿಗೆ ಸೇರಿದ್ದು. ಎರಡು ವಸ್ತುಗಳ ನಡುವೆ ತಕರಾರು ಬಂದರೆ ಭಾರವಾದದ್ದೇ ಹಕ್ಕುದಾರ. ವಸ್ತುವನ್ನು ಕದಲಿಸಲು ಅಥವಾ ಅದರ ಪಕ್ಕ ಕೂರಲು ನಿರ್ದೇಶಕರ ಅನುಮತಿ ಕಡ್ಡಾಯ. ನಿರ್ದೇಶಕರು ಸುಮ್ಮನಿದ್ದರೆ ಅರ್ಜಿ ತಿರಸ್ಕಾರವಾಯಿತೆಂದು ತಿಳಿಯತಕ್ಕದ್ದು!"

ಈ ನಿಯಮದ ಒಳಮರ್ಮ ಎಲ್ಲರಿಗಿಂತ ಮೊದಲು ಅರ್ಥವಾದದ್ದು ನಮ್ಮ ಕೋಣೆಯ ಮಾಲೀಕ, ಮಿಲ್ಲಿನ ಬೊಮ್ಮಲಿಂಗಪ್ಪನಿಗೆ. ಆತ ಟ್ರ್ಯಾಕ್ಟರಿನಲ್ಲಿ ಗುಂಡುಕಲ್ಲುಗಳನ್ನು ತರಿಸಿ, ಮೈದಾನದಲ್ಲಿ ಎಲ್ಲೆಲ್ಲಿ ನೆರಳಿದೆಯೋ ಅಲ್ಲೆಲ್ಲ ಉರುಳಿಸಿದ. ಅವುಗಳ ಪಕ್ಕ ಕೂರುವ ಅನುಮತಿಯೂ ತನಗೇ ಸಿಗಲೆಂದು ಅರ್ಜಿ ಹಾಕಿದ. ಬೇವಿನ ಮರದ ಕೆಳಗಿದ್ದ ಒಂದು ಸಣ್ಣ ಕಲ್ಲನ್ನು ಅವನ ಆಳುಗಳು ಚರಂಡಿಗೆ ಎಸೆದರು. ಅದು ಕೊಲ್ಲಾಪುರಮ್ಮನ ಕಲ್ಲು.

ಕೊಲ್ಲಾಪುರಮ್ಮ ಮೊಳಕಾಲ್ಮೂರು ಕಡೆಯವಳು, ಸೊಪ್ಪು ಮಾರುವವಳು. ಸೊಪ್ಪಿಗೆ ನೆರಳು ಬೇಕು. ಬಿಸಿಲಲ್ಲಿಟ್ಟರೆ ಊಟದ ಹೊತ್ತಿಗೆ ಬಾಡಿ, ಮೇಕೆಯೂ ಮೂಸುವುದಿಲ್ಲ. ಒಂದು ಸಂತೆ ಬಿಸಿಲಲ್ಲಿ ಕೂತು ನೋಡಿದಳು. ಪೂರಾ ಬುಟ್ಟಿ ಸೊಪ್ಪು ಹಾಳಾಯಿತು. ಚರಂಡಿಯಿಂದ ತನ್ನ ಕಲ್ಲನ್ನು ಎತ್ತಿ, ತೊಳೆದು, ತಲೆ ಮೇಲಿಟ್ಟುಕೊಂಡು ಸೀದಾ ನಮ್ಮ ಕಚೇರಿಗೆ ಬಂದಳು.

"ಅಯ್ಯೋ ದೇವುಡಾ! ನಮ್ಮವ್ವನ ಕಾಲದಿಂದ ಕುಂತ ಜಾಗ ಅದು. ಈ ಕಲ್ಲು ನಂದು ಸ್ವಾಮಿ!" ಅಂದಳು.

"ಹಂಗನ್ನಬಾರ್ದು ಕಣಮ್ಮ. ನಿಯಮದ ಪ್ರಕಾರ ಕಲ್ಲು ನಿಮ್ಮದಲ್ಲ, ನೀವೇ ಕಲ್ಲಿನ ಕಡೆಯವರು" ಎಂದು ನಾನು ಸಮಾಧಾನ ಹೇಳಿದೆ.

"ಮತ್ತೆ ನಮ್ ಕಲ್ಲಿಗೆ ಒಂದು ಜಾಗ ತೋರಿಸ್ರಿ. ಸಾಹೇಬ್ರು ಎಲ್ಲಿ?"

ನಾನು ಕುರ್ಚಿಯತ್ತ ಕೈ ತೋರಿಸಿದೆ. "ಟವೆಲ್ ಐತಲ್ಲಮ್ಮ, ಇದ್ದಾರೆ ಅಂತ್ಲೇ ಲೆಕ್ಕ."

ಕೊಲ್ಲಾಪುರಮ್ಮ ಟವೆಲ್ಲನ್ನೇ ದಿಟ್ಟಿಸಿದಳು. ಅವಳಿಗೆ ಸಿಟ್ಟು ನೆತ್ತಿಗೇರಿತ್ತು. "ಭಾರ ಇದ್ದದ್ದು ಗೆಲ್ತೈತೆ ಅಂತ ಮೈಕಿನಾಗೆ ಕೂಗಿದ್ರಲ್ಲ?" ಅಂದವಳೇ ಕಲ್ಲನ್ನು ದಬ್ಬನೆ ಕುರ್ಚಿಯ ಮೇಲಿಟ್ಟಳು. ನಾನು ಸರ್ಕಾರಿ ತಕ್ಕಡಿ ತಂದು ಎರಡನ್ನೂ ತೂಗಿದೆ. ಕಲ್ಲೇ ಭಾರವಾಗಿತ್ತು. ಟವೆಲ್ಲನ್ನು ಮಡಿಚಿಟ್ಟು, ಕುರ್ಚಿಯ ಮೇಲಿನ ಹೊಸ ನಿರ್ದೇಶಕರಿಗೆ ನಮಸ್ಕಾರ ಮಾಡಿದೆ.

ಓಂಕಾರಮೂರ್ತಿಯವರು ಬೆಟ್ಟದಿಂದ ಪ್ರಸಾದ ಸಮೇತ ಮರಳಿದರು.

"ಏನಯ್ಯಾ ಇದು? ಎತ್ತಾಚೆ ಹಾಕು!" ಎಂದು ಕನ್ನಡಕ ಏರಿಸಿಕೊಂಡು ಕೂಗಾಡಿದರು.

"ಕದಲಿಸೋಕೆ ನಿರ್ದೇಶಕರ ಅನುಮತಿ ಬೇಕು ಸಾರ್."

"ನಾನೇ ಕಣಯ್ಯಾ ನಿರ್ದೇಶಕ!"

"ಅದು ಟವೆಲ್ ಇದ್ದಾಗ ಸಾರ್."

ನಿಯಮ ಅವರದೇ. ವಿಧಿಯಿಲ್ಲದೆ ಅರ್ಜಿ ಬರೆದು ಕಲ್ಲಿನ ಮುಂದಿಟ್ಟರು. ಕಲ್ಲು ಸುಮ್ಮನಿತ್ತು. ಅರ್ಜಿ ತಿರಸ್ಕಾರವಾಯಿತು. ಕುರ್ಚಿಯಿಲ್ಲದ ಅಧಿಕಾರಿ ಹೊಸ ಹುದ್ದೆಯ ಆದೇಶ ಬರುವವರೆಗೆ ಸ್ಥಳ ನಿರೀಕ್ಷಣೆಯಲ್ಲಿರಬೇಕಾದ್ದರಿಂದ, ಅವರು ಟವೆಲ್ ಹೆಗಲ ಮೇಲೆ ಹಾಕಿಕೊಂಡು ಸ್ಥಳ ನಿರೀಕ್ಷಿಸುತ್ತ ಮೆಟ್ಟಿಲಿಳಿದರು.

ಹೊಸ ನಿರ್ದೇಶಕರ ಆಡಳಿತ ಬಿಗಿಯಾಗಿದೆ. ಬೊಮ್ಮಲಿಂಗಪ್ಪ ತನ್ನ ಅರ್ಜಿ ಏನಾಯಿತೆಂದು ವಿಚಾರಿಸಲು ಸಿಹಿ ಡಬ್ಬಿಯೊಂದಿಗೆ ಬಂದ. ನಿರ್ದೇಶಕರು ಸಿಹಿ ಮುಟ್ಟಲಿಲ್ಲ, ಮಾತೂ ಆಡಲಿಲ್ಲ. ಇಂಥ ಅಧಿಕಾರಿಯನ್ನು ಜನ್ಮದಲ್ಲಿ ಕಂಡಿರದ ಬೊಮ್ಮಲಿಂಗಪ್ಪ ಬೆವರಿ, ಅದೇ ಟ್ರ್ಯಾಕ್ಟರಿನಲ್ಲಿ ಗುಂಡುಕಲ್ಲುಗಳನ್ನು ಹಿಂದಕ್ಕೆ ಸಾಗಿಸಿದ. ಅನುಮತಿಯಿಲ್ಲದೆ ಕದಲಿಸಿದ್ದಕ್ಕೆ ಕ್ರಮ ಕೈಗೊಳ್ಳಬೇಕೇ ಎಂದು ನಾನು ಕೇಳಿದೆ. ನಿರ್ದೇಶಕರು ಸುಮ್ಮನಿದ್ದರು. ಆ ಪ್ರಶ್ನೆಯೂ ತಿರಸ್ಕಾರವಾಯಿತು.

ಬೇವಿನ ಮರದ ಕೆಳಗೆ ಜಾಗ ಖಾಲಿಯಾಯಿತು. ಆದರೆ ಕೊಲ್ಲಾಪುರಮ್ಮನ ಕಲ್ಲು ಈಗ ದೊಡ್ಡ ಹುದ್ದೆಯಲ್ಲಿದೆ, ಜಾಗ ಹಿಡಿಯಲು ಹೋಗುವಂತಿಲ್ಲ. ಅವಳು ಪೇಚಾಡುತ್ತ ಮೈದಾನಕ್ಕೆ ಹೋದಾಗ ಮರದ ಕೆಳಗೆ ಓಂಕಾರಮೂರ್ತಿಯವರು ಬಾಡಿದ ಮುಖದಲ್ಲಿ ಕೂತಿದ್ದರು.

"ಎಲ್ಲಿಗೂ ಹೋಗಂಗಿಲ್ವಾ ಸ್ವಾಮಿ?" ಎಂದು ಕೇಳಿದಳು.

"ಎಲ್ಲಿಗೆ ಹೋಗ್ಲಮ್ಮ? ಆದೇಶ ಬರೋವರ್ಗೂ ಇಲ್ಲೇ."

"ಹಂಗಾರೆ ಇಲ್ಲೇ ಕುಂತಿರ್ರಿ. ಸಂತೆ ದಿನ ನಾನು ಬಂದಾಗ ಒಸಿ ಪಕ್ಕಕ್ಕೆ ಸರಕೊಂಡ್ರೆ ಸಾಕು. ಮಧ್ಯಾಹ್ನಕ್ಕೆ ಮುದ್ದೆ, ಸೊಪ್ಪಿನ ಸಾರು ತರ್ತೀನಿ."

ಅವರು ತಲೆಯಾಡಿಸಿದರು. ಅಂದಿನಿಂದ ಅವರು ಪ್ರತಿ ಸಂತೆಯ ಹಿಂದಿನ ಸಂಜೆಯೇ ಬಂದು ರಾತ್ರಿಯೆಲ್ಲ ಅಲ್ಲೇ ಕೂರುತ್ತಾರೆ. ಆ ಜಾಗಕ್ಕೆ ಯಾರೂ ಬರುವುದಿಲ್ಲ. ಕೊಲ್ಲಾಪುರಮ್ಮನ ಸೊಪ್ಪು ಸಂಜೆವರೆಗೆ ಹಸಿರಾಗಿರುತ್ತದೆ. ಊರಿನವರಿಗೂ ರೂಢಿಯಾಗಿದೆ.

ಕಳೆದ ವಾರ ಗೋವರ್ಧನ ಸೂರ್ಯ ಹುಟ್ಟುವ ಮೊದಲೇ ಹೋಗಿ ಮರುಸರ್ವೆ ಮಾಡಿಕೊಂಡು ಬಂದ. ಅವನ ವರದಿ ಹೀಗಿದೆ: 'ಬೇವಿನ ಮರದ ಕೆಳಗೆ ಕಲ್ಲು ಒಂದು. ಹಿಂದಿನದಕ್ಕಿಂತ ದೊಡ್ಡದು. ಸ್ಥಿತಿ ಉತ್ತಮ. ಕನ್ನಡಕ ಧರಿಸಿದೆ.' ವರದಿಯನ್ನು ನಿರ್ದೇಶಕರ ಮುಂದಿಟ್ಟಿದ್ದೇನೆ.