ಮೇಲಿನ ಹೊಲವನ್ನು ಕೆಳಗಿಳಿಸಿದ ಲೆಕ್ಕ

ನಂಜನಗೂಡಿನ ಪಿಯು ಕಾಲೇಜೊಂದರಲ್ಲಿ ನಾನು ಗಣಿತದ ಮೇಷ್ಟ್ರು. ಲಾಗರಿದಮ್ ಎಂದರೆ ಮಕ್ಕಳಿಗೆ ಜ್ವರ ಬರುತ್ತದೆ, ನನಗೆ ಹುರುಪು ಬರುತ್ತದೆ. ಹೀಗಿರುವಾಗ ಸೋಸಲೆಯಲ್ಲಿರುವ ನನ್ನ ಹೆಂಡತಿಯ ತಮ್ಮ ಪುಟ್ಟಸ್ವಾಮಿ, ಮೇಲಿನ ಹೊಲದ ಬಾಳೆಗೆ ನೀರು ಹಾಯಿಸಲು ಮೋಟಾರು ಕೊಳ್ಳಲು ಹೊರಟಿದ್ದಾನೆಂದು ತಿಳಿದರೆ ಸುಮ್ಮನಿರುವುದು ಸಾಧ್ಯವೇ?

"ತಡಿ! ಮನೆ ಹಿಂದಿನ ತೊಟ್ಟಿ ಹೊಲಕ್ಕಿಂತ ಎತ್ತರದಲ್ಲಿದ್ರೆ ಮೋಟಾರು ಯಾಕೆ? ಪೈಪು ಹಾಕು, ನೀರು ತಾನೇ ಹರಿಯುತ್ತೆ. ಭಾನುವಾರ ಬಂದು ಅಳೆದು ಹೇಳ್ತೀನಿ" ಎಂದು ಫೋನಿನಲ್ಲೇ ಆದೇಶ ಹೊರಡಿಸಿದೆ.

ನನ್ನ ಹೊಸ ಮೊಬೈಲಿನಲ್ಲಿರುವ ಬ್ಯಾರೊಮೀಟರ್ ಗಾಳಿಯ ಒತ್ತಡ ತೋರಿಸುತ್ತದೆ. ಮೇಲೆ ಹೋದಷ್ಟೂ ಒತ್ತಡ ಕಡಿಮೆ. ಎರಡು ಜಾಗದ ಒತ್ತಡಗಳ ಅನುಪಾತಕ್ಕೆ ಲಾಗರಿದಮ್ ತೆಗೆದು ಒಂದು ಸಂಖ್ಯೆಯಿಂದ ಗುಣಿಸಿದರೆ, ಎತ್ತರದ ವ್ಯತ್ಯಾಸ ಅಂಗೈಯಲ್ಲಿ!

ಭಾನುವಾರ ಬೆಳಿಗ್ಗೆ ಹೊಲದಲ್ಲಿ ನಿಂತು ಒತ್ತಡ ಗುರುತು ಹಾಕಿಕೊಂಡೆ. ಊಟಕ್ಕೆ ಕರೆ ಬಂತು. ಮುದ್ದೆ, ನಾಟಿಕೋಳಿ ಸಾರು. ಆಮೇಲೆ ಕಣ್ಣು ತಾನಾಗಿ ಮುಚ್ಚಿತು. ಸಂಜೆ ಎದ್ದು ತೊಟ್ಟಿಯ ಬಳಿ ಅಳೆದೆ. ಒತ್ತಡ ಕಡಿಮೆ! ಲೆಕ್ಕದ ಪ್ರಕಾರ ತೊಟ್ಟಿ ಹೊಲಕ್ಕಿಂತ ಮೂರು ಮಹಡಿಯಷ್ಟು ಎತ್ತರ!

"ಅಲ್ರೀ, ಅದನ್ನ ಮೇಲಿನ ಹೊಲ ಅಂತಲೇ ಕರೀತೀವಲ್ಲ?" ಎಂದಳು ಹೆಂಡತಿ ಭಾಗ್ಯ.

"ನಿಮ್ಮ ತಾತನ ಹತ್ರ ಬ್ಯಾರೊಮೀಟರ್ ಇರ್ಲಿಲ್ಲ ಕಣೇ!"

"ಬಾವ ಹೇಳಿದ್ಮೇಲೆ ಮುಗೀತು ಬಿಡಕ್ಕ" ಎಂದ ಪುಟ್ಟಸ್ವಾಮಿ.

ಮುಂದಿನ ಭಾನುವಾರದ ಹೊತ್ತಿಗೆ ಕಬ್ಬಿನ ಗದ್ದೆಯ ಅಂಚಿನುದ್ದಕ್ಕೂ ಪೈಪು ಹೂತಾಗಿತ್ತು. ನೆಂಟರು, ನೆರೆಯವರು ನೆರೆದರು. ತೆಂಗಿನಕಾಯಿ ಒಡೆದು, ತೊಟ್ಟಿಯ ಬಳಿ ಒತ್ತಡ ಇನ್ನೊಮ್ಮೆ ಗುರುತು ಹಾಕಿಕೊಂಡು, ನಾನೇ ಗಂಭೀರವಾಗಿ ವಾಲ್ವ್ ತಿರುಗಿಸಿದೆ. ಹೊಲದಿಂದ ಪುಟ್ಟಸ್ವಾಮಿಯ ಫೋನು ಬಂತು.

"ಬಾವ, ನೀರು ಬತ್ತಾ ಇಲ್ಲ!"

"ಪೈಪಲ್ಲಿ ಗಾಳಿ ಕಟ್ಕೊಂಡಿದೆ. ಬಾಯಿ ಇಟ್ಟು ಜೋರಾಗಿ ಎಳಿ."

ಸ್ವಲ್ಪ ಹೊತ್ತಿನ ಮೇಲೆ ಏದುಸಿರು ಕೇಳಿಸಿತು. "ನಂಗೇ ಉಸ್ರು ಕಟ್ತಾದೆ ಬಾವ!"

ನೆಂಟರು ಊಟ ಮುಗಿಸಿ, ನನ್ನ ಮುಖ ನೋಡದೆ ಹೊರಟರು. ನಾನು ತೊಟ್ಟಿಯ ಕಟ್ಟೆಯ ಮೇಲೆ ಕೂತು ಮತ್ತೆ ಅಳೆದೆ. ಇದೇನಿದು! ಕಾಯಿ ಒಡೆದಾಗ ಇದ್ದದ್ದಕ್ಕಿಂತ ತೊಟ್ಟಿ ಈಗ ಇನ್ನೂ ಮೇಲಿದೆ! "ಕೂತಲ್ಲೇ ಆಕಾಶಕ್ಕೆ ಏರ್ತಿದ್ದೀನಿ ಕಣೇ!" ಎಂದು ಕೂಗಿದೆ.

"ಕಟ್ಟೆ ಬಿಟ್ಟು ಎದ್ದೇ ಇಲ್ಲ, ಎಲ್ಲಿಗ್ರೀ ಏರ್ತಿದ್ದೀರಾ?" ಎಂದಳು ಭಾಗ್ಯ.

ಆಗ ಹೊಳೆಯಿತು. ಮಧ್ಯಾಹ್ನ ಕಳೆಯುತ್ತಿದ್ದಂತೆ ಒತ್ತಡ ತಾನಾಗಿ ಇಳಿಯುತ್ತದೆ. ಎರಡೂ ಕಡೆ ಒಂದೇ ಹೊತ್ತಿನಲ್ಲಿ ಅಳೆಯಬೇಕಿತ್ತು. ತೊಟ್ಟಿಯನ್ನು ಮೂರು ಮಹಡಿ ಎತ್ತಿದ್ದು ಭೂಮಿಯಲ್ಲ, ನನ್ನ ನಿದ್ದೆ!

ಬಿಸಿಲಿಗೆ ಬಾಳೆ ಸಸಿಗಳು ಜೋಲುಬಿದ್ದಿದ್ದವು. ಮೂವರೂ ಬಿಂದಿಗೆ ಹಿಡಿದೆವು. ಹೊಲ ಎಷ್ಟು ಮೇಲಿದೆ ಎಂಬುದನ್ನು ನನ್ನ ಮೊಣಕಾಲು ಯಾವ ಸೂತ್ರವೂ ಇಲ್ಲದೆ ಹೇಳಿಬಿಟ್ಟಿತು.

"ಬೇಜಾರ್ ಮಾಡ್ಕಬೇಡಿ ಬಾವ, ಮೋಟಾರ್ ತಂದ್ರೂ ಪೈಪ್ ಬೇಕಿತ್ತು" ಎಂದ ಪುಟ್ಟಸ್ವಾಮಿ. ಬೈದಿದ್ದರೆ ಎಷ್ಟೋ ಹಿತವಾಗಿರುತ್ತಿತ್ತು!

ಮಾರನೆಯ ದಿನ ಕುಂಟುತ್ತಾ ತರಗತಿಗೆ ಹೋದೆ. ಮೊದಲ ಬೆಂಚಿನ ಹುಡುಗಿ ಎದ್ದು ನಿಂತಳು. "ಸರ್, ಈ ಲಾಗರಿದಮ್ ನಿಜಜೀವನದಲ್ಲಿ ಎಲ್ಲಿ ಉಪಯೋಗಕ್ಕೆ ಬರುತ್ತೆ?"

ನಾನು ಬೋರ್ಡಿನ ಕಡೆ ತಿರುಗಿಕೊಂಡೆ.

"ಪರೀಕ್ಷೆಗೆ ಬರುತ್ತಮ್ಮ. ಬರ್ಕೊ!"