ಏಳನೇ ಅನುಸೂಚಿಯಲ್ಲಿಲ್ಲದ ಹಲಸು

ಭಾನುವಾರ ಬೆಳಿಗ್ಗೆ ಊರಿನ ಬಸ್ಸಿನಿಂದ ಇಳಿದ ಹಲಸಿನ ಹಣ್ಣೊಂದು ರಿಕ್ಷಾ ಏರಿ, ಲಿಫ್ಟ್ ಹತ್ತಿ, ಪೂವಪ್ಪನವರ ಮನೆಯ ಹಾಲ್‌ನಲ್ಲಿ ಬಂದು ಕೂತಿತು. ಮುಂಬಯಿ ಬಳಿಯ ಡೊಂಬಿವಲಿಯ ಆ ಪುಟ್ಟ ಫ್ಲ್ಯಾಟಿನಲ್ಲಿ ಅದು ಕೂತ ಮೇಲೆ ಉಳಿದವರು ಕೂರಲು ಜಾಗ ಹುಡುಕಬೇಕಾಯಿತು. ಒಳ್ಳೆಯ ಬಕ್ಕೆ ಹಲಸು, ಕಾರ್ಕಳದ ಸೋದರಮಾವನ ಮನೆಯದು. ಬೇರೆ ಯಾರ ಮನೆಗೆ ಬಂದಿದ್ದರೂ ಮಧ್ಯಾಹ್ನದೊಳಗೆ ಹೊಟ್ಟೆ ಸೇರುತ್ತಿತ್ತು. ಆದರೆ ಪೂವಪ್ಪನವರ ಮನೆಯಲ್ಲಿ ಸಂವಿಧಾನ ಜಾರಿಯಲ್ಲಿತ್ತು.

ಠಾಣೆ ನಗರದ ವಿಮಾ ಕಚೇರಿಯಿಂದ ನಿವೃತ್ತರಾದ ಪೂವಪ್ಪನವರಿಗೆ ಭಾರತದ ಸಂವಿಧಾನದ ಮೇಲೆ ಎಲ್ಲಿಲ್ಲದ ಪ್ರೀತಿ. ಅದರಲ್ಲೂ ಏಳನೇ ಅನುಸೂಚಿಯೆಂದರೆ ಪಂಚಪ್ರಾಣ. "ಎಷ್ಟು ಚಂದ ಹಂಚಿದ್ದಾರೆ ನೋಡಿ ಮಾರಾಯ್ರೆ! ಸೈನ್ಯ, ರೈಲು, ಅಂಚೆ ದಿಲ್ಲಿಗೆ. ಪೊಲೀಸು, ಆಸ್ಪತ್ರೆ, ಸಂತೆ, ಸ್ಮಶಾನ ರಾಜ್ಯಕ್ಕೆ. ಕರೆಂಟು, ಕಾಡು, ಮದುವೆ ಇಬ್ಬರಿಗೂ ಸೇರಿದ್ದು. ಮದುವೆಯನ್ನು ಒಬ್ಬರಿಂದ ಸುಧಾರಿಸ್ಲಿಕ್ಕೆ ಆಗುವುದಿಲ್ಲ ಅಂತ ಅವರಿಗೆ ಆಗಲೇ ಗೊತ್ತಿತ್ತು!" ಎಂದು ಲೋಕಲ್ ರೈಲಿನಲ್ಲಿ ಒಂಟಿ ಕಾಲಿನಲ್ಲಿ ನಿಂತವರಿಗೂ ಅವರು ವಿವರಿಸುತ್ತಿದ್ದರು. ನಗಬೇಡಿ. ಇಷ್ಟು ದೊಡ್ಡ ದೇಶ, ಇಷ್ಟು ಭಾಷೆ, ಇಷ್ಟು ಜಗಳ. ಇದನ್ನೆಲ್ಲ ಕೂತು ಯೋಚಿಸಿ, ಇದು ನಿನಗೆ, ಇದು ನನಗೆ, ಇದು ಇಬ್ಬರಿಗೆ ಎಂದು ಹಂಚಿಟ್ಟವರ ಬುದ್ಧಿಗೆ ಕೈಮುಗಿಯಲೇಬೇಕು. ಪೂವಪ್ಪನವರು ಕೈಮುಗಿಯುತ್ತಿದ್ದರು, ಅಷ್ಟೆ.

ತೊಂದರೆ ಬಂದದ್ದು ಅವರು ಅದನ್ನು ಮನೆಗೆ ತಂದಾಗ. ನಿವೃತ್ತಿಯಾಗಿ ಮನೆಯಲ್ಲಿ ಕೂತ ಮೇಲೆ ತಾಯಿ ರತ್ನಾವತಿಯಮ್ಮನಿಗೂ ಹೆಂಡತಿ ಪ್ರಫುಲ್ಲಾಗೂ ದಿನವೂ ಜಗಳವಾಗುವುದು ಅವರ ಕಿವಿಗೆ ಬಿತ್ತು. ಕೂಡಲೇ ಅಧಿಕಾರ ಹಂಚಿದರು. ತಾಯಿ ಕೇಂದ್ರ: ನೆಂಟರಿಷ್ಟರು, ಊರಿನ ಸಂಪರ್ಕ, ಮುಂಬಾಗಿಲು, ದೇವರು. ಹೆಂಡತಿ ರಾಜ್ಯ: ಅಡುಗೆ, ಮಾರುಕಟ್ಟೆ, ನೀರು, ನೈರ್ಮಲ್ಯ. ಟಿವಿ, ಫ್ಯಾನು ಮತ್ತು ಮಗಳು ದಿಶಾ ಸಮವರ್ತಿ, ಅಂದರೆ ಇಬ್ಬರಿಗೂ ಸೇರಿದ್ದು. ತಮಗೆ ಮಾತ್ರ ಅವರು ಏನನ್ನೂ ಇಟ್ಟುಕೊಳ್ಳಲಿಲ್ಲ. ಜಗಳ ಬಂದಾಗ ನಡುವೆ ಓಡಾಡುವ ಕೆಲಸವೊಂದೇ ಸಾಕೆಂದರು. ಆ ಕೆಲಸಕ್ಕೆ ಒಂದು ದಿನವೂ ಬರ ಬಂದದ್ದಿಲ್ಲ.

ಈ ಭಾನುವಾರ ಮಾತ್ರ ಜಗಳ ಬೇಡವಾಗಿತ್ತು. ಸಂಜೆ ಕನ್ನಡ ಸಂಘದಲ್ಲಿ ಪೂವಪ್ಪನವರ ಉಪನ್ಯಾಸ, 'ಕೇಂದ್ರ, ರಾಜ್ಯ ಮತ್ತು ಸಂಸಾರ'. ಸಂಘ ಸೇರಿದಂದಿನಿಂದ ಅವರಿಗೆ ಸಿಕ್ಕಿದ್ದು ವಂದನಾರ್ಪಣೆ ಒಂದೇ. ಎಲ್ಲರೂ ಎದ್ದು ಚಪ್ಪಲಿ ಹುಡುಕುವಾಗ ಮೈಕಿನಲ್ಲಿ ಶಾಮಿಯಾನದವರಿಗೆ ಧನ್ಯವಾದ ಹೇಳುವ ಭಾಗ್ಯ. ಅಧ್ಯಕ್ಷ ಯಜ್ಞೇಶ್ವರ ರಾಯರು ಕೊನೆಗೂ ಕರಗಿ, "ಅತ್ತೆ ಸೊಸೆಯನ್ನು ಒಟ್ಟಿಗೆ ವೇದಿಕೆಗೆ ಕರ್ಕೊಂಡು ಬನ್ನಿ. ನಿಮ್ಮ ಪದ್ಧತಿ ನಡೀತದೆ ಅಂತ ಜನ ಕಣ್ಣಾರೆ ನೋಡ್ಲಿ. ಚೆನ್ನಾಗಿ ಆದ್ರೆ ಠಾಣೆಯ ಸಮ್ಮೇಳನದಲ್ಲಿ ಮುಖ್ಯ ಭಾಷಣ ನಿಮ್ಮದೇ" ಎಂದಿದ್ದರು. ಪೂವಪ್ಪನವರು ಹೊಸ ಅಂಗಿಗೆ ಇಸ್ತ್ರಿ ಹಾಕಿಸಿ ಕಾಯುತ್ತಿದ್ದರು. ಆಗ ಹಲಸು ಬಂತು.

"ಊರಿನಿಂದ ಬಂದದ್ದು. ಊರಿನ ಸಂಪರ್ಕ ನನ್ನದು," ಎಂದು ರತ್ನಾವತಿಯಮ್ಮ ಹಣ್ಣಿನ ಮೇಲೆ ಕೈಯಿಟ್ಟರು. "ಯಾರಿಗೆ ಎಷ್ಟು ಸೊಳೆ ಅಂತ ನಾನು ಹೇಳ್ತೇನೆ."

"ಊರಿನಿಂದ ಜನ ಬಂದ್ರೆ ನಿಮ್ಮದು ಅತ್ತೆ," ಎಂದಳು ಪ್ರಫುಲ್ಲಾ ಇನ್ನೊಂದು ಬದಿಗೆ ಕೈಯಿಟ್ಟು. "ಇದು ಹಣ್ಣು. ತಿನ್ನುವ ಸಾಮಾನೆಲ್ಲ ಅಡುಗೆಮನೆಯದ್ದು."

ಪೂವಪ್ಪನವರು ಗಂಟಲು ಸರಿಮಾಡಿಕೊಂಡು ಹಣ್ಣನ್ನು ಸಮವರ್ತಿ ಪಟ್ಟಿಗೆ ಸೇರಿಸಿದರು. "ಇಬ್ಬರೂ ಕೂಡಿ ಕೊಯ್ಯಿರಿ, ಮುಗೀತು."

"ಸಮವರ್ತಿಯಲ್ಲಿ ಜಗಳ ಬಂದ್ರೆ ಕೇಂದ್ರದ ಮಾತೇ ಮೇಲೆ ಅಂತ ನೀನೇ ಅಲ್ವಾ ಪೂವ ಹೇಳಿದ್ದು?" ಎಂದರು ತಾಯಿ.

"ಹಾಗಾದ್ರೆ ಕೇಂದ್ರವೇ ಕೊಯ್ಯಲಿ," ಎಂದು ಪ್ರಫುಲ್ಲಾ ಕೈ ತೆಗೆದಳು. "ಮೆಟ್ಟುಕತ್ತಿಗೆ ಎಣ್ಣೆ ಹಚ್ಚುವುದು, ಅಂಟುವ ಮೇಣ ತೆಗೆಯುವುದು, ಸಿಪ್ಪೆ ಬಿಸಾಡುವುದು, ನೆಲ ಒರೆಸುವುದು ಎಲ್ಲ ಅವರದ್ದೇ."

ರತ್ನಾವತಿಯಮ್ಮನ ಕೈಯೂ ಮೆಲ್ಲನೆ ಹಿಂದೆ ಸರಿಯಿತು. "ಕೊಯ್ಯುವುದು ಅಡುಗೆ ಕೆಲಸ ಅಲ್ವಾ? ನಾನು ರಾಜ್ಯದ ವಿಷಯದಲ್ಲಿ ಕೈ ಹಾಕುವವಳಲ್ಲ."

"ಛೆ ಛೆ, ಇದು ಊರಿನ ವಿಷಯ ಅತ್ತೆ. ನಿಮ್ಮ ಮರ್ಯಾದೆ ನಿಮಗೆ."

ಈಗ ತಾನೇ ಇಬ್ಬರಿಗೂ ಬೇಕಾಗಿದ್ದ ಹಣ್ಣು ಕ್ಷಣಾರ್ಧದಲ್ಲಿ ಇಬ್ಬರಿಗೂ ಬೇಡವಾಯಿತು. ಹಂಚುವ ಗೌರವಕ್ಕೆ ಇಬ್ಬರು, ಮೇಣಕ್ಕೆ ಯಾರೂ ಇಲ್ಲ. ದೊಡ್ಡ ದೊಡ್ಡ ಸರ್ಕಾರಗಳೇ ಹೀಗೆ ಮಾಡುವಾಗ ಹೆಂಗಸರನ್ನು ಅಂದು ಏನು ಪ್ರಯೋಜನ.

ಮಧ್ಯಾಹ್ನ ಕಳೆದರೂ ಹಣ್ಣು ಕೂತಲ್ಲೇ ಇತ್ತು. ತೆರೆದ ಬಾಗಿಲಲ್ಲಿ ಪಕ್ಕದ ಮನೆಯ ಸಾಬವ್ವ ಕಾಣಿಸಿಕೊಂಡಳು. ವಿಜಯಪುರದ ಕಡೆಯವಳು. "ಏನ್ರೀ ಪೂವಪ್ಪನವರ, ಮುಂಜಾನಿಂದ ವಾಸನಿ ನಮ್ಮನಿ ಮಟ ಬಂದೈತಿ, ಹಣ್ಣ ಮಾತ್ರ ಬರವಲ್ದು."

ಅಲ್ಲಿಯವರೆಗೆ ತುಳುವಿನಲ್ಲಿ ನಡೆಯುತ್ತಿದ್ದ ಜಗಳವನ್ನು ಅತ್ತೆ ಸೊಸೆ ಇಬ್ಬರೂ ಸಾಬವ್ವನಿಗೆ ತಿಳಿಯಲೆಂದು ಮೊದಲಿನಿಂದ ಕನ್ನಡದಲ್ಲಿ ಮಾಡಿ ತೋರಿಸಿದರು. ಒಂದು ಮಾತೂ ಹೆಚ್ಚುಕಡಿಮೆಯಾಗಲಿಲ್ಲ. ಪೂವಪ್ಪನವರಿಗೆ ಆಗಲೇ ಅನುಮಾನ ಬರಬೇಕಿತ್ತು. ಆದರೆ ಅವರು ಸಾಬವ್ವನನ್ನು ಸರ್ವೋಚ್ಚ ನ್ಯಾಯಾಲಯವೆಂದು ಭಾವಿಸಿ ತೀರ್ಪಿಗಾಗಿ ಬಾಯಿಬಿಟ್ಟು ನಿಂತಿದ್ದರು.

"ಇಬ್ಬರದೂ ಖರೆ ಐತ್ರಿ," ಎಂದಳು ಸಾಬವ್ವ. "ನಾ ಮೊದ್ಲ ಹಣ್ಣ ತಿಂದ ನೋಡ್ತೀನಿ, ಆಮ್ಯಾಲ ಹೇಳ್ತೀನಿ."

ಮೊಬೈಲಿನಿಂದ ತಲೆಯೆತ್ತದೆ ದಿಶಾ ಹೇಳಿದಳು: "ಪಪ್ಪಾ, ಪ್ರೆಸಿಡೆಂಟ್ಸ್ ರೂಲ್ ಲಗಾ ದೋ ನಾ."

ಬೇರೆ ದಿನವಾಗಿದ್ದರೆ ಅವಳಿಗೆ ಒಂದು ಪಾಠವೇ ಆಗುತ್ತಿತ್ತು. ರಾಷ್ಟ್ರಪತಿ ಆಳ್ವಿಕೆ ಕೊನೆಯ ಅಸ್ತ್ರ, ಆಟದ ಸಾಮಾನಲ್ಲ ಎಂದು. ಆದರೆ ಸಂಜೆ ಹತ್ತಿರವಾಗುತ್ತಿತ್ತು, ಇಬ್ಬರು ಹೆಂಗಸರೂ ಎರಡು ದಿಕ್ಕಿಗೆ ಮುಖ ತಿರುಗಿಸಿ ಕೂತಿದ್ದರು. ಪೂವಪ್ಪನವರು ಹಣ್ಣಿನ ಆಡಳಿತವನ್ನು ತಾವೇ ವಹಿಸಿಕೊಂಡರು. ಕಲ್ಯಾಣದಲ್ಲಿ ಗೆಳೆಯ ಕುಶಲನ ಹೋಟೆಲಿದೆ. ಅಲ್ಲಿನ ಅಡುಗೆಯವರು ಹಣ್ಣು ಕೊಯ್ದು ಕೊಟ್ಟರೆ ಸೊಳೆ ಮಾತ್ರ ಮನೆಗೆ ಬರುತ್ತದೆ. ಯಾರೂ ಕೊಯ್ದಂತಾಗುವುದಿಲ್ಲ, ಇಬ್ಬರೂ ತಿಂದಂತಾಗುತ್ತದೆ. ಹಗ್ಗ ಕಟ್ಟಿ, ಹೊಸ ಅಂಗಿ ತೊಟ್ಟು, ಹಣ್ಣನ್ನು ಹೆಗಲಿಗೇರಿಸಿ ಹೊರಟರು.

ಸ್ಟೇಶನ್ನಿನ ಮೇಲ್ಸೇತುವೆಯಲ್ಲಿ ಹಗ್ಗ ಕೈಕೊಟ್ಟಿತು. ಹಣ್ಣು ಉರುಳುತ್ತ ಹೋಯಿತು. ಜನ ಗೋಡೆಗಂಟಿ ದಾರಿ ಬಿಟ್ಟರು. ಅಷ್ಟು ಗೌರವದ ದಾರಿ ಆ ಸೇತುವೆಯ ಮೇಲೆ ಮಂತ್ರಿಗಳಿಗೂ ಸಿಕ್ಕಿರಲಾರದು. ಕೊನೆಗೆ ರೈಲ್ವೆಯ ಸೇತುವೆ ಮುಗಿದು ಊರಿನ ಸ್ಕೈವಾಕ್ ಶುರುವಾಗುವ ಕಬ್ಬಿಣದ ಪಟ್ಟಿಯ ಮೇಲೆ, ಅರ್ಧ ಆ ಕಡೆ, ಅರ್ಧ ಈ ಕಡೆ ಅದು ನಿಂತಿತು. ಒಂದು ಬದಿ ಸೀಳಿ ಮೇಣ ಸುರಿಯುತ್ತಿತ್ತು.

ಆ ಕಡೆಯಿಂದ ರೈಲ್ವೆ ರಕ್ಷಣಾ ಪಡೆಯ ಜವಾನ ಬಂದ. ಈ ಕಡೆಯಿಂದ ಊರಿನ ಪೊಲೀಸ್ ಹವಾಲ್ದಾರ ಬಂದ. ಪೂವಪ್ಪನವರು ಇಬ್ಬರನ್ನೂ ನೋಡಿದರು. ಒಬ್ಬ ಕೇಂದ್ರ, ಒಬ್ಬ ರಾಜ್ಯ! ಇನ್ನು ನಡುವೆ ನಿಂತು ತಾವೇ ಅಧಿಕಾರ ವ್ಯಾಪ್ತಿ ವಿವರಿಸಬೇಕು ಎಂದುಕೊಂಡು, "ಸಾಹೇಬ್, ಸಂವಿಧಾನ್ ಕೇ ಹಿಸಾಬ್ ಸೇ..." ಎಂದು ಶುರುಮಾಡಿದರು.

"ಅರೆ ಕಾಕಾ, ಬಾಜೂ ಹಟೋ," ಎಂದ ಜವಾನ. ಹವಾಲ್ದಾರನ ಕಡೆ ನೋಡಿದ. "ಚಲಾ ಭಾವೂ, ಉಚಲಾ," ಎಂದ ಹವಾಲ್ದಾರ. ಇಬ್ಬರೂ ಬಗ್ಗಿ, ಒಂದೇ ಉಸಿರಿಗೆ ಹಣ್ಣನ್ನೆತ್ತಿ ಪೂವಪ್ಪನವರ ಹೆಗಲ ಮೇಲಿಟ್ಟರು. ಜೊತೆಗೆ ಅವರನ್ನೂ ಹಿಡಿದು ಮನೆಯ ದಿಕ್ಕಿಗೆ ತಿರುಗಿಸಿದರು. ಸೀಳಿದ ಹಣ್ಣಿಗೆ ಲೋಕಲ್ಲಿನಲ್ಲಿ ಜಾಗವಿಲ್ಲವೆಂಬ ವಿಷಯದಲ್ಲಿ ಎರಡೂ ಸರ್ಕಾರಗಳಿಗೆ ಭಿನ್ನಾಭಿಪ್ರಾಯವಿರಲಿಲ್ಲ.

ಪೂವಪ್ಪನವರ ಕಣ್ಣು ತುಂಬಿ ಬಂತು. ಎಂಥ ವ್ಯವಸ್ಥೆ! ಭಾಷಣದ ಕೊನೆಗೆ ಇದನ್ನೇ ಹೇಳಬೇಕೆಂದುಕೊಂಡು ಮನೆಗೆ ಬಂದರೆ ಬಾಗಿಲ ಒಳಗಿನಿಂದ ಹೆಂಗಸರ ನಗು ಕೇಳಿಸಿತು. ಟಿವಿ ಧಾರಾವಾಹಿ ಎಂದುಕೊಂಡರು. ಒಳಗೆ ಹೋಗಿ ಮತ್ತೆ ಆ ಎರಡು ಮುಖಗಳನ್ನು ನೋಡುವ ಧೈರ್ಯ ಸಾಲದೆ, ಹಣ್ಣನ್ನು ಹೊಸ್ತಿಲಾಚೆ ಇಳಿಸಿ ಸಂಘಕ್ಕೆ ಓಡಿದರು.

ಸಭಾಗೃಹ ತುಂಬಿತ್ತು. ವೇದಿಕೆಯ ಮೇಲೆ ಎರಡು ಕುರ್ಚಿ ಖಾಲಿ. ಯಜ್ಞೇಶ್ವರ ರಾಯರು ಶಾಲು ಹೊದೆಸಿದರು. ಮೇಣದ ಅಂಗಿಗೆ ಅಂಟಿದ ಶಾಲು ಮತ್ತೆ ಬಿಡಲಿಲ್ಲ. ಪೂವಪ್ಪನವರ ಕೈಗೆ ಮೈಕು ಅಂಟಿತು. ಭಾಷಣ ಸೊಗಸಾಗಿಯೇ ಸಾಗಿತು. ಆದರೆ ಜನರ ಕಣ್ಣೆಲ್ಲ ಖಾಲಿ ಕುರ್ಚಿಗಳ ಮೇಲೆ.

"ಸಾಕ್ಷಿ ಎಲ್ಲಿ ಮಾರಾಯ್ರೆ?" ಎಂದು ಹಿಂದಿನಿಂದ ಯಾರೋ ಕೂಗಿದರು. ಪೂವಪ್ಪನವರು ಬಾಗಿಲ ಕಡೆ ನೋಡಿದರು. ಠಾಣೆಯ ಸಮ್ಮೇಳನ ಕಣ್ಣೆದುರೇ ಜಾರಿ ಹೋಗುತ್ತಿತ್ತು. ಅಷ್ಟರಲ್ಲಿ ಬಾಗಿಲಲ್ಲಿ ಹಲಸಿನ ಘಮ ಬಂತು.

ರತ್ನಾವತಿಯಮ್ಮ, ಪ್ರಫುಲ್ಲಾ ಒಂದೇ ಬಗೆಯ ಸೀರೆಯುಟ್ಟು, ದೊಡ್ಡ ಸ್ಟೀಲ್ ಡಬರಿಯ ಒಂದೊಂದು ಕಿವಿ ಹಿಡಿದು ನಗುತ್ತ ಬಂದರು. ಹಿಂದೆಯೇ ಬಂದ ದಿಶಾ ಮತ್ತು ಸಾಬವ್ವ ಕಾಗದದ ತಟ್ಟೆ ಹಂಚಿದರು. ಹೊನ್ನಿನ ಬಣ್ಣದ ಸೊಳೆಗಳು, ಬೀಜ ತೆಗೆದು, ನಾರು ಬಿಡಿಸಿ, ಮೇಣದ ಒಂದು ಎಳೆ ಇಲ್ಲದಂತೆ! ಸಭೆ ಚಪ್ಪಾಳೆಯಿಂದ ತುಂಬಿತು.

"ನೋಡಿದ್ರಾ!" ಪೂವಪ್ಪನವರು ಮೈಕಿನಲ್ಲಿ ಸಾರಿದರು. "ಇದು ಏಳನೇ ಅನುಸೂಚಿಯ ಮಹಿಮೆ!"

ಯಜ್ಞೇಶ್ವರ ರಾಯರು ಕೇಳಿದರು: "ರತ್ನಾವತಿಯಮ್ಮ, ಮನೆಯಲ್ಲಿ ಮಗನ ಪದ್ಧತಿ ಹೇಗೆ ನಡೀತಾ ಉಂಟು? ಎರಡು ಮಾತು ಹೇಳಿ."

ಮಗನ ಕೈಯಿಂದ ಮೈಕು ಬರಲಿಲ್ಲ. ರತ್ನಾವತಿಯಮ್ಮ ಸೆರಗಿನ ಗಂಟಿನಿಂದ ತೆಂಗಿನೆಣ್ಣೆಯ ಪುಟ್ಟ ಶೀಶೆ ತೆಗೆದು, ಒಂದು ತೊಟ್ಟು ಹಚ್ಚಿ, ಮೈಕು ಬಿಡಿಸಿಕೊಂಡರು.

"ಆ ಪಟ್ಟಿ ಎಲ್ಲ ನಮಗೆ ಗೊತ್ತಿಲ್ಲಪ್ಪ. ನಾನೂ ಇವಳೂ ಮಧ್ಯಾಹ್ನ ಊಟಕ್ಕೆ ಕೂತಾಗ ಎಲ್ಲ ಮಾತಾಡಿ ತೀರ್ಮಾನ ಮಾಡುವುದು. ಮೊದಲಿಂದಲೂ ಹಾಗೆಯೇ. ಇವಳಿಗೆ ಬೆನ್ನು ನೋವಿದ್ದ ದಿನ ನಾನು ಅಡುಗೆ, ನನಗೆ ಮಂಡಿ ನೋವಿದ್ದ ದಿನ ಇವಳು ದೇವರ ದೀಪ. ಅದಕ್ಕೆ ಎಂತ ಪಟ್ಟಿ?"

"ಹಾಗಾದ್ರೆ ಜಗಳ?" ರಾಯರು ಕೇಳಿದರು.

"ಅದೂ ಊಟಕ್ಕೆ ಕೂತಾಗಲೇ ತೀರ್ಮಾನ," ಎಂದಳು ಪ್ರಫುಲ್ಲಾ, ಸ್ವಲ್ಪ ನಾಚಿ. "ಆಫೀಸು ಬಿಟ್ಟ ಮೇಲೆ ಇವರು ಸುಮ್ಮನೆ ಕಿಟಕಿ ನೋಡ್ತಾ ಕೂತಿರ್ತಿದ್ರು. ನೋಡ್ಲಿಕ್ಕೆ ಆಗ್ತಿರ್ಲಿಲ್ಲ. ಒಂದು ದಿನ ಅತ್ತೆಗೂ ನನಗೂ ಉಪ್ಪಿನಕಾಯಿ ವಿಷಯಕ್ಕೆ ಮಾತಾಯ್ತು. ಇವರು ಎದ್ದು ಬಂದು ಸಂಧಾನ ಮಾಡಿದ್ರು. ಮುಖದಲ್ಲಿ ಏನು ಕಳೆ! ಆವತ್ತಿನಿಂದ ದಿನಕ್ಕೊಂದು ಜಗಳ ಇಟ್ಕೊಂಡಿದ್ದೇವೆ. ಇವತ್ತು ಇವರನ್ನು ಹೊರಗೆ ಕಳಿಸಿ ನಿಮಗೆಲ್ಲ ಹಣ್ಣು ಕೊಯ್ಯುವಾ ಅಂತ ಇದ್ದದ್ದು. ಇವರು ಹೋಗುವಾಗ ಹಣ್ಣನ್ನೇ ತಕ್ಕೊಂಡು ಹೋಗಿ ಬಿಟ್ರು!"

ಸಭೆಯಲ್ಲಿ ನಗುವಿನ ಅಲೆಯೆದ್ದಿತು. ಪೂವಪ್ಪನವರು ಡಬರಿಯ ಕಡೆ ನೋಡುತ್ತ ಕೂತರು. ಅವಮಾನವೆಂದು ಮೊದಲು ಅನ್ನಿಸಿತು. ಆಮೇಲೆ, ತನ್ನ ಮುಖದ ಕಳೆಗಾಗಿ ಇಬ್ಬರು ದಿನವೂ ಕೂತು ಇಷ್ಟು ಕಷ್ಟಪಟ್ಟರಲ್ಲ ಎಂದು ಆ ಅವಮಾನವೇ ಕರಗಿತು. ಯಾವ ದಿಲ್ಲಿ, ಯಾವ ಮುಂಬಯಿ ಒಬ್ಬ ಮನುಷ್ಯನನ್ನು ಹೀಗೆ ಸಾಕಿದೆ?

ಯಜ್ಞೇಶ್ವರ ರಾಯರು ಎದ್ದು ಘೋಷಿಸಿದರು: "ಠಾಣೆಯ ಸಮ್ಮೇಳನದಲ್ಲಿ ಮುಖ್ಯ ಭಾಷಣ ರತ್ನಾವತಿಯಮ್ಮ ಮತ್ತು ಪ್ರಫುಲ್ಲಾ ಅವರದ್ದು!" ಚಪ್ಪಾಳೆ ನಿಂತ ಮೇಲೆ ಅವರಿಗೆ ಏನೋ ನೆನಪಾಯಿತು. "ವಂದನಾರ್ಪಣೆ ಎಂದಿನಂತೆ ಪೂವಪ್ಪನವರು."

ಪೂವಪ್ಪನವರು ಶಾಮಿಯಾನದವರಿಗೆ, ಮೈಕಿನವರಿಗೆ, ರೈಲ್ವೆಯ ಜವಾನನಿಗೆ ಮತ್ತು ಊರಿನ ಹವಾಲ್ದಾರನಿಗೆ ಧನ್ಯವಾದ ಹೇಳಿ ಮುಗಿಸುವಷ್ಟರಲ್ಲಿ ಡಬರಿ ಖಾಲಿಯಾಗಿತ್ತು. ಹಸಿದು ಹಲಸು ಎನ್ನುತ್ತಾರೆ. ಬೆಳಿಗ್ಗೆಯಿಂದ ಹಸಿದಿದ್ದ ಅವರಿಗೆ ಒಂದು ಸೊಳೆಯೂ ಉಳಿದಿರಲಿಲ್ಲ.

ಮನೆಗೆ ಬಂದರೆ ಬಾಗಿಲ ಬಳಿ ಸಿಪ್ಪೆ ತುಂಬಿದ ಗೋಣಿಚೀಲ. "ಇದು ಯಾರ ಪಟ್ಟಿ?" ಎಂದು ಪೂವಪ್ಪನವರು ಅಭ್ಯಾಸಬಲದಿಂದ ಕೇಳಿದರು.

"ನಿನ್ನದು," ಎಂದರು ತಾಯಿ. "ನಿಮ್ಮದು," ಎಂದಳು ಹೆಂಡತಿ. ಇಬ್ಬರೂ ಒಟ್ಟಿಗೆ, ಮೊದಲ ಬಾರಿಗೆ ಬಹಿರಂಗವಾಗಿ.

ಲಿಫ್ಟಿನಲ್ಲಿ ಮೇಣ ಸುರಿದೀತೆಂದು ಚೀಲ ಹೊತ್ತು ಮೆಟ್ಟಿಲಿಳಿಯುತ್ತಿದ್ದಂತೆ ಮೇಲಿನಿಂದ ಸದ್ದು ಬಂತು. "ಮೆಟ್ಟುಕತ್ತಿ ತೊಳೆಯುವುದು ನನ್ನ ಕೆಲಸವಾ ಅತ್ತೆ?" "ಮತ್ತೆ ನನ್ನದಾ?" ಪೂವಪ್ಪನವರಿಗೆ ಎಲ್ಲ ಗೊತ್ತಿತ್ತು. ಆದರೂ ಕಾಲುಗಳು ಕೇಳಲಿಲ್ಲ. ಚೀಲ ಅಲ್ಲೇ ಎಸೆದು, ಎರಡೆರಡು ಮೆಟ್ಟಿಲು ಹಾರಿ, ಮುಖದ ತುಂಬ ಕಳೆ ತುಂಬಿಕೊಂಡು ಮೇಲೆ ಬಂದರು. ಬಾಗಿಲ ಹಿಂದೆ ಇಬ್ಬರೂ ಬಾಯಿಗೆ ಸೆರಗು ಒತ್ತಿ ನಗುತ್ತಿದ್ದುದು ಸ್ಪಷ್ಟವಾಗಿ ಕೇಳುತ್ತಿತ್ತು. ಟಿವಿ ಆಫ್ ಆಗಿತ್ತು.

ಕೆಳಗೆ ಚೀಲ ಬಾಯಿಬಿಟ್ಟು ಸಿಪ್ಪೆಯೆಲ್ಲ ಮೆಟ್ಟಿಲ ಮೇಲೆ ಹರಡಿತ್ತು. ಪಕ್ಕದ ಬಾಗಿಲು ತೆರೆಯಿತು. ಸಾಬವ್ವ ಒಮ್ಮೆ ಮೆಟ್ಟಿಲು ನೋಡಿದಳು, ಒಮ್ಮೆ ಪೂವಪ್ಪನವರನ್ನು ನೋಡಿದಳು.

"ಹಣ್ಣ ತಿಂದ ನೋಡಿದ್ನಿರಿ, ಭಾಳ ಚೊಲೋ ಇತ್ತ," ಎಂದು ತೀರ್ಪು ಕೊಟ್ಟು, ಒಳಗಿನಿಂದ ಪೊರಕೆ ತಂದು ಅವರ ಕೈಗಿಟ್ಟಳು.