ಕಿವಿಯಿದ್ದ ಉಂಗುರ

ಅಡುಗೆಮನೆಯ ನಲ್ಲಿಯಿಂದ ನೀರಿನ ಫಿಲ್ಟರಿಗೆ ಹೋಗುವ ಬೆರಳು ದಪ್ಪದ ಪೈಪು ಆ ಬೆಳಗ್ಗೆ ಮತ್ತೆ ಕಳಚಿಕೊಂಡು ಅಕ್ಕನ ಮುಖಕ್ಕೇ ನೀರು ಹಾರಿಸಿತು. ಅದನ್ನು ತಾನೇ ಸರಿಮಾಡುತ್ತೇನೆಂದು ತಮ್ಮ ಅಲ್ಪವಿರಾಮ ಹೊರಟದ್ದೇ ಎಲ್ಲ ಫಜೀತಿಗೂ ಮೂಲ.

ಅವನು ಮುದ್ರಣಾಲಯವೊಂದರಲ್ಲಿ ಕರಡು ತಿದ್ದುವವನು. ಪ್ರತಿ ಮಾತಿಗೂ ನಡುವೆ ನಿಂತು ಯೋಚಿಸುತ್ತಿದ್ದುದರಿಂದ ಜೊತೆ ಕೆಲಸದವರು ಆ ಹೆಸರಿಟ್ಟಿದ್ದರು. ಹೀಗೆ ಯೋಚಿಸುತ್ತ ಯೋಚಿಸುತ್ತಲೇ ನಲವತ್ತು ದಾಟಿತ್ತು, ಮದುವೆಯಾಗಿರಲಿಲ್ಲ. ಅಕ್ಕ ಮಾತ್ರ ಆಸೆ ಬಿಟ್ಟಿರಲಿಲ್ಲ. ತನಗೆ ಹಲ್ಲು ಕಟ್ಟಿದ ಡಾಕ್ಟರಮ್ಮನೂ ಒಂಟಿ ಎಂದು ತಿಳಿದದ್ದೇ ತಡ, ಅಂದು ಸಂಜೆ ಅವರ ಕ್ಲಿನಿಕ್ಕಿನಲ್ಲೇ ಇಬ್ಬರ ಭೇಟಿಗೆ ಏರ್ಪಾಡು ಮಾಡಿದ್ದಳು.

“ಒಳ್ಳೇ ಹೆಂಗಸು ಕಣೋ. ಹೋದವನು ಬಾಯಿಬಿಟ್ಟು ನಾಲ್ಕು ಮಾತಾಡು.”

“ಹಲ್ಲಿನ ಡಾಕ್ಟರ ಮುಂದೆ ಬಾಯಿ ಬಿಡದೆ ಇರೋಕಾಗುತ್ತಾ ಅಕ್ಕ?”

ಹಾರ್ಡ್‌ವೇರ್ ಅಂಗಡಿಗೆ ಪಕ್ಕದ ಮನೆಯ ಡ್ರಿಲ್ ಮೇಷ್ಟ್ರೂ ಕರೆಯದೆಯೇ ಜೊತೆಗೆ ಬಂದರು. ನಿವೃತ್ತರಾದ ಮೇಲೆ ಅವರಿಗೆ ಆಜ್ಞೆ ಕೊಡಲು ಮಕ್ಕಳು ಸಿಗುತ್ತಿರಲಿಲ್ಲ, ನೆರೆಹೊರೆಯವರು ಸಿಗುತ್ತಿದ್ದರು.

ಅಂಗಡಿಯವನು ಗಾಜಿನ ಕೌಂಟರಿನ ಮೇಲೆ, ಪೈಪನ್ನು ಸುತ್ತಿ ಬಿಗಿಹಿಡಿಯುವ ಉಕ್ಕಿನ ಬಳೆಗಳನ್ನು, ಮೂರು ಬಗೆಯ ಕ್ಲಾಂಪುಗಳನ್ನು ಸುರಿದ. “ಇದು ಸ್ಕ್ರೂ ತಿರುಗಿಸಿ ಬಿಗಿಯೋದು, ಇಷ್ಟು ಸಣ್ಣ ಪೈಪಿಗೆ ಸ್ವಲ್ಪ ಒರಟು. ಇದು ಸ್ಪ್ರಿಂಗು. ಎರಡು ಬಾಲ ಒತ್ತಿದ್ರೆ ಅಗಲ ಆಗುತ್ತೆ, ಬಿಟ್ರೆ ಹಿಡ್ಕೊಳ್ಳುತ್ತೆ. ಇದು ನೋಡಿ, ಕಿವಿ ಕ್ಲಾಂಪು. ಪಕ್ಕದಲ್ಲಿ ಉಬ್ಬಿರೋ ಈ ಕಿವಿ ಇಕ್ಕಳದಲ್ಲಿ ಹಿಂಡಿದ್ರೆ ಮುಗೀತು, ಪೈಪು ಹರಿದ್ರೂ ಇದು ಬಿಡಲ್ಲ. ಸೈಜು ಎಷ್ಟು ಬೇಕು?”

ಸೈಜು ಅಳೆದು ತಂದಿದ್ದರೆ ತಾನೇ? “ಸುಮಾರು ಈ ಬೆರಳಷ್ಟು” ಎನ್ನುತ್ತ ಅಲ್ಪವಿರಾಮ ಕಿವಿ ಕ್ಲಾಂಪನ್ನು ಎಡಗೈಯ ಉಂಗುರದ ಬೆರಳಿಗೆ ತೊಟ್ಟು ನೋಡಿದ. ಅಳತೆ ಕೊಟ್ಟು ಮಾಡಿಸಿದ ಹಾಗಿತ್ತು. ಸ್ಪ್ರಿಂಗಿನದೇ ವಾಸಿಯೋ, ಇದೇ ಇರಲೋ ಎಂದು ಯೋಚಿಸುತ್ತ ನಿಂತ.

“ಎಷ್ಟು ಹೊತ್ತಯ್ಯ ಯೋಚ್ನೆ? ಹೀಗೆ ಇಟ್ಟು ಹೀಗೆ ಹಿಂಡೋದು, ಅಷ್ಟೇ ತಾನೇ” ಎಂದು ಮೇಷ್ಟ್ರು ಗಾಜಿನ ಮೇಲಿದ್ದ ಇಕ್ಕಳ ತೆಗೆದು ಹಿಂಡಿಯೇ ಬಿಟ್ಟರು.

ಕಿಟ್ ಎಂದಿತು. ಮೂವರೂ ಬೆರಳನ್ನೇ ನೋಡಿದರು.

“ಬಿಚ್ಚಿ” ಎಂದ ಅಲ್ಪವಿರಾಮ.

“ಬಿಚ್ಚೋಕೆ ಬರಬಾರ್ದು ಅಂತಾನೇ ಇದನ್ನ ಮಾಡಿರೋದು ಸಾರ್” ಎಂದ ಅಂಗಡಿಯವನು, ತಾನೇ ಕಂಡುಹಿಡಿದವನ ಠೀವಿಯಲ್ಲಿ. “ಕತ್ತರಿಸಿ ತೆಗೀಬೇಕು. ಆದ್ರೆ ನನ್ನ ಕಟ್ಟರು ಸಂದಿಗೆ ಹೋಗಲ್ಲ.”

ಮೇಷ್ಟ್ರು ಮುಂದಿನ ಕಾರ್ಯಾಚರಣೆಯನ್ನೂ ತಾವೇ ವಹಿಸಿಕೊಂಡರು. ಸೋಪು ಹಚ್ಚಿಸಿದರು, ಎಣ್ಣೆ ಸುರಿದರು, “ಒಂದು, ಎರಡು” ಎಂದು ಎಣಿಸಿ ಎಳೆದರು. ದಾರಿಯಲ್ಲಿ ಸಿಕ್ಕ ದರ್ಜಿ ದಾರ ಸುತ್ತಿ ನೋಡಿದ. ಕ್ಲಾಂಪಿನ ಜೊತೆಗೆ ದಾರವೂ ಸಿಕ್ಕಿಕೊಂಡಿತು. ಒಬ್ಬೊಬ್ಬರ ಉಪಕಾರಕ್ಕೂ ಬೆರಳು ಒಂದಿಷ್ಟು ಊದಿತು. ಮುದ್ರಣಾಲಯದಲ್ಲಿ ಬೈಂಡರು ಕಾಗದ ಕತ್ತರಿಸುವ ಯಂತ್ರ ತೋರಿಸಿ, “ಇಲ್ಲಿಡಿ. ಒಂದೇ ಏಟು, ಅಂಚು ನೀಟಾಗಿ ಬರುತ್ತೆ” ಎಂದ.

“ಯಾವುದರ ಅಂಚು?”

ಬೈಂಡರು ಅಷ್ಟು ದೂರ ಯೋಚಿಸಿರಲಿಲ್ಲ.

ಸಂಜೆ ಮನೆಗೆ ಬಂದಾಗ ಬೆರಳು ಎಳೆ ಬದನೆಕಾಯಿಯ ಹಾಗಾಗಿತ್ತು. ಅಕ್ಕನಿಗೆ ಅಳು ಬಂತು. “ಹೆಣ್ಣು ನೋಡೋಕೆ ಹೋಗೋ ದಿನವೇ ಉಂಗುರ ಹಾಕ್ಕೊಂಡು ಬಂದಿದೀಯಲ್ಲೋ. ಏನು ಅಂದ್ಕೋತಾರೆ? ಜೇಬಿಂದ ಕೈ ತೆಗೀಬೇಡ.”

ಕ್ಲಿನಿಕ್ಕಿನಲ್ಲಿ ರೋಗಿಗಳು ಇರಲಿಲ್ಲ. ಸ್ಟೂಲಿನ ಮೇಲೆ ಡಾಕ್ಟರಮ್ಮ ಕೂತರು. ಉಳಿದದ್ದು ಹಲ್ಲು ಕೀಳುವ ಕುರ್ಚಿ ಒಂದೇ. ಅಲ್ಪವಿರಾಮ ಅದರಲ್ಲಿ ಅರ್ಧ ಮಲಗಿ, ಸೀಲಿಂಗಿಗೆ ತನ್ನ ಪರಿಚಯ ಹೇಳಿಕೊಂಡ.

“ಎಡಗೈ ಯಾಕೆ ಜೇಬಲ್ಲೇ ಇದೆ?”

“ಚಳಿ.”

“ಈಗಷ್ಟೇ ಫ್ಯಾನ್ ಹಾಕಿ ಅಂದ್ರಿ.”

ಬೇರೆ ದಾರಿಯಿಲ್ಲದೆ ಕೈ ಹೊರತೆಗೆದ. ಡಾಕ್ಟರಮ್ಮ ಕನ್ನಡಕ ಸರಿಮಾಡಿಕೊಂಡು ನೋಡಿದರು. “ಉಂಗುರ ಯಾರು ತೊಡಿಸಿದ್ದು?”

“ಡ್ರಿಲ್ ಮೇಷ್ಟ್ರು.”

ಕತೆಯೆಲ್ಲ ಕೇಳಿದ ಮೇಲೆ ಅವರು ಕನ್ನಡಕ ತೆಗೆದಿಟ್ಟು ಕಣ್ಣೊರೆಸಿಕೊಳ್ಳುವಷ್ಟು ನಕ್ಕರು. ಆ ನಗು ಅವನಿಗೆ ಅವಮಾನ ಅನ್ನಿಸಲಿಲ್ಲ. ಇನ್ನೊಂದು ಸಲ ಕೇಳಬೇಕು ಅನ್ನಿಸಿತು. ಅವರು ಬೆರಳಿಗೂ ಕ್ಲಾಂಪಿಗೂ ನಡುವೆ ತೆಳುವಾದ ತಗಡಿನ ಪಟ್ಟಿ ತೂರಿಸಿ, ಹಲ್ಲು ಕೊರೆಯುವ ಡ್ರಿಲ್ ಕೈಗೆತ್ತಿಕೊಂಡರು.

“ನೋವಾದ್ರೆ ಕೈ ಎತ್ತಿ.”

“ಕೈ ನಿಮ್ಮ ಹತ್ರಾನೇ ಇದೆ.”

ಡ್ರಿಲ್ಲಿನ ತುದಿಯಿಂದ ತಣ್ಣನೆ ನೀರು ಚಿಮ್ಮುತ್ತಿತ್ತು. ಉಕ್ಕು ಜಗ್ಗಲಿಲ್ಲ, ಅವರೂ ಬಿಡಲಿಲ್ಲ. ಕೊನೆಗೆ ಟಣ್ ಎಂದು ಕ್ಲಾಂಪು ಎರಡಾಗಿ ಟ್ರೇಗೆ ಬಿತ್ತು. ಬೆರಳಿಗೆ ರಕ್ತ ಹರಿದು ಬಂದ ಹಾಗೆ ಅಲ್ಪವಿರಾಮನ ಬಾಯಿಗೆ ಮಾತೂ ಬಂತು. “ನನಗೆ ನೀವು ಇಷ್ಟ ಆದ್ರಿ. ನಿಮಗೆ?”

ಡಾಕ್ಟರಮ್ಮ ಏನೋ ಹೇಳಲು ಹೊರಟರು. ಅಷ್ಟರಲ್ಲಿ ಕುರ್ಚಿಯ ಕೆಳಗೆ ಫಟ್ ಎಂದು ಸದ್ದಾಗಿ, ನೀರು ಗೋಡೆಗೆ ರಾಚಿತು.

“ಅಯ್ಯೋ, ಆ ಪೈಪು ಜಿನುಗ್ತಿತ್ತು ಅಂತ ದಾರ ಕಟ್ಟಿದ್ದೆ. ಇಷ್ಟು ಹೊತ್ತು ನೀರು ಬಿಟ್ಟಿದ್ದಕ್ಕೆ ಕಿತ್ಕೊಂಡು ಬಂತು. ಹಿಡ್ಕೊಳ್ಳಿ, ಹಿಡ್ಕೊಳ್ಳಿ.”

ಅಲ್ಪವಿರಾಮ ನೆಲಕ್ಕೆ ಮಂಡಿಯೂರಿ ಪೈಪನ್ನು ಅದರ ಮೂತಿಗೆ ಸೇರಿಸಿ, ಹತ್ತೂ ಬೆರಳಿಂದ ಬಿಗಿಯಾಗಿ ಅಮುಕಿ ಹಿಡಿದ. ನೀರು ನಿಂತಿತು. ಡಾಕ್ಟರಮ್ಮ ಹೊರಗೋಡಿ ವಾಲ್ವು ತಿರುಗಿಸಲು ನೋಡಿ, ತುಕ್ಕು ಹತ್ತಿದ ಅಂಗೈಯೊಂದಿಗೆ ವಾಪಸು ಬಂದರು.

“ಅದು ಅಲುಗಾಡ್ತಿಲ್ಲ. ನಾನೇ ಹೋಗಿ ಕ್ಲಾಂಪು ತರ್ತೀನಿ. ಯಾವುದು ತರಲಿ?”

“ಸ್ಪ್ರಿಂಗಿಂದು.”

“ನೀವು ಕೇಳಿದ್ದಕ್ಕೆ ಬಂದ್ಮೇಲೆ ಹೇಳ್ತೀನಿ. ಅಲ್ಲೀವರೆಗೂ ಕೈ ಬಿಡಬೇಡಿ” ಎಂದು ನಗುತ್ತ ಚಪ್ಪಲಿ ಮೆಟ್ಟಿಕೊಂಡು ಹೊರಟರು.

ಮಂಡಿಯವರೆಗೂ ನೆನೆದ ಪ್ಯಾಂಟಿನಲ್ಲಿ ಅವನು ಕುರ್ಚಿಯ ಕೆಳಗೆ ಮುದುರಿಕೊಂಡಿದ್ದಾಗ, ಕೆನ್ನೆ ಹಿಡಿದುಕೊಂಡ ಮುದುಕಿಯೊಬ್ಬಳು ಒಳಗೆ ಬಂದು ಬಗ್ಗಿ ನೋಡಿದಳು.

“ಡಾಕ್ಟರಮ್ಮ ಇಲ್ವಾ ಮಗಾ?”

“ಈಗ ಬರ್ತಾರೆ, ಕೂತ್ಕೊಳ್ಳಿ ಅಜ್ಜಿ.”

“ನೀನು ಅವರ ಮನೆಯವನಾ?”

ಅಲ್ಪವಿರಾಮ ಪೈಪನ್ನು ಇನ್ನಷ್ಟು ಬಿಗಿಯಾಗಿ ಹಿಡಿದುಕೊಂಡ.

“ಕ್ಲಾಂಪು ತಂದ್ಮೇಲೆ ಗೊತ್ತಾಗುತ್ತೆ ಅಜ್ಜಿ.”